ಓದುಗರ ಪ್ರಶ್ನೆ: ಆಡೋದು ನಿಂತ ಮೇಲೆ ಕೋಚ್ ಆಗಬಹುದಾ?

ಪ್ರಶ್ನೆ: ಸರ್, ನನ್ನ ಮಗ ಡಿಗ್ರಿ ಎರಡನೇ ವರ್ಷ. ಕಾಲೇಜು ಫುಟ್‌ಬಾಲ್ ಟೀಮಿನಲ್ಲಿ ಡಿಫೆಂಡರ್ ಆಗಿದ್ದ. ಮೊಣಕಾಲಿಗೆ ಪೆಟ್ಟಾಗಿ ಆಪರೇಷನ್ ಆಯ್ತು. ಇನ್ನು ಮೇಲೆ ದೊಡ್ಡ ಮಟ್ಟದಲ್ಲಿ ಆಡೋದು ಕಷ್ಟ ಅಂತ ಡಾಕ್ಟರು ಹೇಳಿದ್ದಾರೆ. ಈಗ ಕೋಚ್ ಆಗ್ತೀನಿ ಅಂತ ಹಠ ಹಿಡಿದಿದ್ದಾನೆ. ಹೆಸರು ಮಾಡದ ಆಟಗಾರನನ್ನು ಕೋಚ್ ಅಂತ ಯಾರು ಒಪ್ಪುತ್ತಾರೆ?
– ತಾಯಿಯೊಬ್ಬರು, ತುಮಕೂರು

ಉತ್ತರ: ಒಪ್ಪುತ್ತಾರಮ್ಮ. ಆದರೆ ತಕ್ಷಣ ಒಪ್ಪಲ್ಲ, ಅದಕ್ಕೆ ಅವನು ತಯಾರಿರಬೇಕು.

ನಿಮ್ಮ ಮಗ ಖಾಲಿದ್ ಜಮೀಲ್ ಅವರ ದಾರಿಯನ್ನು ಒಮ್ಮೆ ನೋಡಲಿ. ಕುವೈತ್‌ನಲ್ಲಿ ಹುಟ್ಟಿದವರು, ಮುಂಬೈನ ಮಹೀಂದ್ರಾ ಯುನೈಟೆಡ್, ಏರ್ ಇಂಡಿಯಾ ತಂಡಗಳಲ್ಲಿ ಮಿಡ್‌ಫೀಲ್ಡರ್ ಆಗಿದ್ದವರು, ಭಾರತಕ್ಕೂ ಆಡಿದವರು. ಗಾಯಗಳು ಅವರನ್ನೂ ಬಿಡಲಿಲ್ಲ. 2009ರಲ್ಲಿ ಆಟ ನಿಲ್ಲಿಸಿ, ತಾವು ಆಡುತ್ತಿದ್ದ ಮುಂಬೈ ಎಫ್‌ಸಿಗೇ ಕೋಚ್ ಆದರು. ಆ ತಂಡದ ಜೊತೆ ಸುಮಾರು 7 ವರ್ಷ ಇದ್ದರು. ಒಂದು ಟ್ರೋಫಿಯೂ ಬರಲಿಲ್ಲ. ದುಡ್ಡು ಕಡಿಮೆ ಇದ್ದ ತಂಡವನ್ನು ಲೀಗ್‌ನಿಂದ ಕೆಳಗೆ ಬೀಳದಂತೆ ಕಾಪಾಡುವುದೇ ವರ್ಷ ವರ್ಷವೂ ಕೆಲಸ. ನನ್ನ ಪ್ರಕಾರ ಅವರು ಕೋಚ್ ಆಗಿದ್ದು ಆ 7 ವರ್ಷದಲ್ಲೇ. ಜನರ ಕಣ್ಣಿಗೆ ಬಿದ್ದಿದ್ದು ಮಾತ್ರ ಆಮೇಲೆ.

2016–17ರಲ್ಲಿ ಮಿಜೋರಾಂನ ಐಜ್ವಾಲ್ ಎಫ್‌ಸಿಗೆ ಹೋದರು. ಹಿಂದಿನ ಸೀಸನ್‌ನಲ್ಲಿ, ಆಗ ದೇಶದ ಮುಖ್ಯ ಲೀಗ್ ಆಗಿದ್ದ ಐ-ಲೀಗ್‌ನಿಂದ ಕೆಳಗೆ ಬಿದ್ದಿದ್ದ ತಂಡ ಅದು, ಗೋವಾದ ಕ್ಲಬ್‌ಗಳು ಹಿಂದೆ ಸರಿದಿದ್ದಕ್ಕೆ ಮತ್ತೆ ಜಾಗ ಸಿಕ್ಕಿತ್ತು. ಅಂಥ ತಂಡ ಮೋಹನ್ ಬಾಗಾನ್‌ಗಿಂತ ಒಂದೇ ಒಂದು ಪಾಯಿಂಟ್ ಮುಂದೆ ನಿಂತು ಚಾಂಪಿಯನ್ ಆಯ್ತು! ಇಡೀ ದೇಶದ ಫುಟ್‌ಬಾಲ್ ಅಭಿಮಾನಿಗಳು ಕಣ್ಣರಳಿಸಿ ನೋಡಿದ ಸೀಸನ್ ಅದು. ಅಷ್ಟಾದ ಮೇಲೂ ಐಎಸ್‌ಎಲ್ (ಇಂಡಿಯನ್ ಸೂಪರ್ ಲೀಗ್) ತಂಡವೊಂದಕ್ಕೆ ಪೂರ್ಣಾವಧಿ ಮುಖ್ಯ ಕೋಚ್ ಆಗಲು 2021ರವರೆಗೆ ಕಾಯಬೇಕಾಯ್ತು, ಏಕೆಂದರೆ ಅಲ್ಲೆಲ್ಲ ವಿದೇಶಿ ಕೋಚ್‌ಗಳಿಗೇ ಮಣೆ. ಇದು ನನಗೆ ಈಗಲೂ ಬೇಸರದ ವಿಷಯ. ಕೊನೆಗೆ 2025ರ ಆಗಸ್ಟ್‌ನಲ್ಲಿ ಭಾರತ ತಂಡದ ಮುಖ್ಯ ಕೋಚ್ ಆದರು. ಆ ಜಾಗಕ್ಕೆ ಭಾರತೀಯರೊಬ್ಬರು ಬಂದಿದ್ದು 13 ವರ್ಷದ ನಂತರ. ಬಂದ ಹೊಸದರಲ್ಲೇ ಮಧ್ಯ ಏಷ್ಯಾದ ಫುಟ್‌ಬಾಲ್ ಸಂಸ್ಥೆ ನಡೆಸುವ ಸಿಎಎಫ್‌ಎ ನೇಷನ್ಸ್ ಕಪ್‌ನಲ್ಲಿ ಒಮಾನ್ ವಿರುದ್ಧ ಪೆನಾಲ್ಟಿ ಶೂಟೌಟ್‌ನಲ್ಲಿ ಗೆದ್ದು ಮೂರನೇ ಸ್ಥಾನ. ಅಕ್ಟೋಬರ್‌ನಲ್ಲಿ ಗೋವಾದಲ್ಲಿ ಸಿಂಗಪುರದ ಎದುರು ಸೋತು 2027ರ ಏಷ್ಯನ್ ಕಪ್ ಕೈತಪ್ಪಿತು. ಎರಡು ತಿಂಗಳಲ್ಲಿ ಹೊಗಳಿಕೆ, ಬೈಗುಳ ಎರಡೂ. ಈ ಕೆಲಸವೇ ಹಾಗೆ, ನಿಮ್ಮ ಮಗನಿಗೆ ಇದನ್ನೂ ಹೇಳಿ.

ಇನ್ನು ನಿಮ್ಮ ಮುಖ್ಯ ಅನುಮಾನ. ಮರಡೋನಾಗಿಂತ ದೊಡ್ಡ ಆಟಗಾರ ಬೇಕಾ? ಅವರು ಕೋಚ್ ಆಗಿದ್ದ ಅರ್ಜೆಂಟೀನಾ 2010ರ ವಿಶ್ವಕಪ್ ಕ್ವಾರ್ಟರ್‌ಫೈನಲ್‌ನಲ್ಲಿ ಜರ್ಮನಿ ಎದುರು 4–0 ಸೋತಿತು. ಆಟಗಾರನಾಗಿ ಹೆಸರೇ ಮಾಡದ ಜೋಸೆ ಮೌರಿನ್ಯೊ, ಇಂಗ್ಲೆಂಡಿನ ಕೋಚ್ ಬಾಬಿ ರಾಬ್ಸನ್ ಅವರ ಜೊತೆ ದುಭಾಷಿಯಾಗಿ ಇದ್ದುಕೊಂಡೇ ಕೆಲಸ ಕಲಿತು, 2004ರಲ್ಲಿ ಪೋರ್ಟೊ ತಂಡಕ್ಕೆ ಚಾಂಪಿಯನ್ಸ್ ಲೀಗ್ ಗೆಲ್ಲಿಸಿದರು. ಕಾಲಿಗೆ ಗೊತ್ತಿರುವುದನ್ನು ಇನ್ನೊಬ್ಬರ ಕಾಲಿಗೆ ದಾಟಿಸುವುದು ಬೇರೆಯದೇ ವಿದ್ಯೆ, ಅದನ್ನು ಮೊದಲಿನಿಂದ ಕಲಿಯಬೇಕು.

ಅದಕ್ಕೆ ಅವನು ಈ ವಾರವೇ ಶುರು ಮಾಡಲಿ. ತನ್ನ ಹಳೇ ಟೀಮಿನ ಮ್ಯಾಚ್‌ಗೆ ಹೋಗಿ ಮೈದಾನದ ಪಕ್ಕ ಕೂತು, ಚೆಂಡನ್ನು ಬಿಟ್ಟು ಒಬ್ಬನೇ ಆಟಗಾರನನ್ನು ನೋಡಲಿ. ಚೆಂಡು ಎಡಗಡೆ ಇದ್ದಾಗ ರೈಟ್ ಬ್ಯಾಕ್, ಅಂದ್ರೆ ಬಲಗಡೆಯ ಡಿಫೆಂಡರ್, ಎಲ್ಲಿ ನಿಂತಿದ್ದಾನೆ? ಒಳಗೆ ಸರಿದನಾ, ಅಥವಾ ಲೈನ್ ಹತ್ತಿರವೇ ಸೊಂಟದ ಮೇಲೆ ಕೈ ಇಟ್ಟು ನಿಂತನಾ? ಸುಮ್ನೆ ಬರೆದುಕೊಳ್ಳಲಿ. ಡಿಫೆಂಡರ್ ಆಗಿದ್ದವನಿಗೆ ಇದು ಬೇಗ ಕಾಣುತ್ತದೆ, ಗೋಲು ಬೀಳುವ ಮುಂಚೆ ತಪ್ಪು ಎಲ್ಲಿ ಆಯ್ತು ಅಂತ ತಿಳಿಯುತ್ತದೆ.

ಜೊತೆಗೆ ಕೋಚಿಂಗ್ ಲೈಸೆನ್ಸ್. ಡಿ, ಆಮೇಲೆ ಸಿ, ಬಿ, ಎ, ಕೊನೆಗೆ ಪ್ರೊ. ಮೇಲಕ್ಕೆ ಹೋಗಲು ವರ್ಷಗಳು ಬೇಕು, ಖರ್ಚೂ ಜಾಸ್ತಿ. ಬೆಂಗಳೂರಿನ ರಾಜ್ಯ ಫುಟ್‌ಬಾಲ್ ಸಂಸ್ಥೆಯಲ್ಲಿ ಡಿ ಕೋರ್ಸ್ ಯಾವಾಗ ಅಂತ ವಿಚಾರಿಸಿ. ಡಿಗ್ರಿ ಮಾತ್ರ ಮುಗಿಸಲೇಬೇಕು. ಆಮೇಲೆ ಬಿಪಿಇಡಿ (ದೈಹಿಕ ಶಿಕ್ಷಣದ ಪದವಿ) ಮಾಡಿದರೆ ಶಾಲೆಯಲ್ಲಿ ಕೆಲಸಕ್ಕೂ ಒಂದು ದಾರಿ ಇರುತ್ತದೆ, ಸಂಜೆ ಕೋಚಿಂಗೂ ನಡೆಯುತ್ತದೆ.

ಪ್ರಶ್ನೆ: ಬಿಎಫ್‌ಸಿಯ (ಬೆಂಗಳೂರು ಎಫ್‌ಸಿ) ಮೊದಲ ಕೋಚ್ ಆಶ್ಲಿ ವೆಸ್ಟ್‌ವುಡ್ ಮ್ಯಾಂಚೆಸ್ಟರ್ ಯುನೈಟೆಡ್ ಆಟಗಾರ ಅಂತಾರೆ, ನಿಜವಾ? ಈಗ ಏನು ಮಾಡ್ತಿದ್ದಾರೆ?
– ಕೆಜಿಎಫ್, ಕೋಲಾರ ಜಿಲ್ಲೆ

ಉತ್ತರ: ಅರ್ಧ ನಿಜ. ಅಲ್ಲಿನ ಯೂತ್ ಟೀಮಿನಲ್ಲಿ ಬೆಳೆದರು, ಸೀನಿಯರ್ ತಂಡದಲ್ಲಿ ಒಂದೂ ಪಂದ್ಯ ಸಿಗಲಿಲ್ಲ. ಕ್ರೂ, ಬ್ರಾಡ್‌ಫರ್ಡ್, ಶೆಫೀಲ್ಡ್ ವೆನ್ಸ್‌ಡೇ ಅಂತ ಕ್ಲಬ್‌ನಿಂದ ಕ್ಲಬ್‌ಗೆ ಆಡಿಕೊಂಡು ಬಂದವರು. 2013ರಲ್ಲಿ ಆಗಷ್ಟೇ ಹುಟ್ಟಿದ ಬಿಎಫ್‌ಸಿಗೆ ಬಂದು ಮೊದಲ ವರ್ಷವೇ ಐ-ಲೀಗ್, 2015ರಲ್ಲಿ ಫೆಡರೇಷನ್ ಕಪ್, 2016ರಲ್ಲಿ ಮತ್ತೆ ಐ-ಲೀಗ್ ಗೆಲ್ಲಿಸಿದರು. ಹೊಟ್ಟೆ ಉರಿಯುವ ಭಾಗ ಮುಂದಿದೆ. 2024ರ ಮಾರ್ಚ್‌ನಲ್ಲಿ ಗುವಾಹಟಿಯಲ್ಲಿ ಭಾರತವನ್ನು 2–1ರಿಂದ ಸೋಲಿಸಿದ ಅಫ್ಘಾನಿಸ್ತಾನದ ಕೋಚ್ ಇವರೇ. ಅದು ಸುನಿಲ್ ಛೆಟ್ರಿ ಅವರ 150ನೇ ಪಂದ್ಯ, ಬೆಂಗಳೂರಿನಲ್ಲಿ ಇವರ ಕೈಕೆಳಗೆ ಕ್ಯಾಪ್ಟನ್ ಆಗಿದ್ದ ಅದೇ ಛೆಟ್ರಿ. 2025ರ ಜೂನ್‌ನಲ್ಲಿ ಕೊನೇ ಗಳಿಗೆಯ ಪೆನಾಲ್ಟಿಯಿಂದ ನಮ್ಮನ್ನು ಸೋಲಿಸಿದ ಹಾಂಗ್‌ಕಾಂಗ್‌ಗೂ ಆಗ ಇವರೇ ಕೋಚ್ ಆಗಿದ್ದರು. ನಮ್ಮವರ ಆಟ ಒಳಗಿನಿಂದ ಗೊತ್ತಿದ್ದವರು, ಅದನ್ನು ಚೆನ್ನಾಗಿ ಬಳಸಿಕೊಂಡರು. ತಪ್ಪು ಅನ್ನೋಕಾಗಲ್ಲ.

ಪ್ರಶ್ನೆ: ನಾನು ಹೈಸ್ಕೂಲಿನ ಪಿಟಿ ಮೇಷ್ಟ್ರು. ಇರೋದು ಎರಡೇ ಚೆಂಡು, ಬರುವ ಮಕ್ಕಳು ಇಪ್ಪತ್ತಕ್ಕೂ ಜಾಸ್ತಿ. ಹೇಗೆ ಕಲಿಸಲಿ?
– ಚಿಕ್ಕಬಳ್ಳಾಪುರ

ಉತ್ತರ: ಮೇಷ್ಟ್ರೇ, ಸಾಲಾಗಿ ನಿಲ್ಲಿಸಿ ಒಬ್ಬೊಬ್ಬರಿಗೇ ಒದೆಯಲು ಹೇಳಬೇಡಿ, ಮಕ್ಕಳು ನಿಂತೇ ಸುಸ್ತಾಗುತ್ತಾರೆ. ಚಪ್ಪಲಿ ಇಟ್ಟು ಗೋಲು ಮಾಡಿ, ಎರಡು ಸಣ್ಣ ಅಂಕಣ ಹಾಕಿ, ಮೂವರ ಎದುರು ಮೂವರು ಆಡಲಿ. ಗೋಲು ತಿಂದ ಟೀಮ್ ಹೊರಗೆ, ಕಾಯುತ್ತಿರುವ ಟೀಮ್ ಒಳಗೆ. ಎರಡು ನಿಮಿಷದಲ್ಲಿ ಗೋಲು ಬೀಳದಿದ್ದರೆ ಎರಡೂ ಟೀಮ್ ಬದಲಾಗಲಿ. ಜಾಗ ಚಿಕ್ಕದಾದಷ್ಟೂ ಪ್ರತಿ ಮಗುವಿಗೂ ಚೆಂಡು ಹೆಚ್ಚು ಸಿಗುತ್ತದೆ. ಹುಡುಗಿಯರನ್ನೂ ಸೇರಿಸಿಕೊಳ್ಳಿ.