ಆಂಗ್ಲಿಕನ್ ಸಭೆ ಒಡೆಯುತ್ತಿರುವುದು ಸಲಿಂಗ ವಿವಾಹದ ಕಾರಣಕ್ಕೆ ಮಾತ್ರವೇ?

"ಆಂಗ್ಲಿಕನ್ ಚರ್ಚು ಎರಡಾಗಿ ಒಡೆಯುತ್ತಿದೆ ಎಂದು ಓದಿದೆ. ಇದು ಸಲಿಂಗ ವಿವಾಹದ ಜಗಳ ಮಾತ್ರವೇ? ನಮ್ಮ ಊರಿನ ಸಿ.ಎಸ್.ಐ. ಚರ್ಚಿಗೂ ಇದಕ್ಕೂ ಏನಾದರೂ ಸಂಬಂಧವಿದೆಯೇ?" ಎಂದು ನೀವು ಕೇಳಿದ್ದೀರಿ. ನಾನು ಬೆಂಗಳೂರಿನ ದಂಡುಪ್ರದೇಶದ ಸಿ.ಎಸ್.ಐ. ಸಭೆಯೊಂದರಲ್ಲಿ ಬೆಳೆದವನು. ಪಾದ್ರಿಯಲ್ಲ, ದೇವಶಾಸ್ತ್ರವನ್ನು ಕ್ರಮವಾಗಿ ಓದಿದವನೂ ಅಲ್ಲ. ಆದರೆ ಕೆಲವು ವರ್ಷ ಪಾಸ್ಟರೇಟ್ ಕಮಿಟಿಯಲ್ಲಿ (ಸ್ಥಳೀಯ ಸಭೆಯ ಆಡಳಿತ ಸಮಿತಿಯಲ್ಲಿ) ಕುಳಿತು, ಚರ್ಚಿನ ಜಗಳಗಳು ಹೇಗೆ ಹುಟ್ಟುತ್ತವೆ, ಹೇಗೆ ಬಗೆಹರಿಯದೆ ಉಳಿಯುತ್ತವೆ ಎಂಬುದನ್ನು ಹತ್ತಿರದಿಂದ ಕಂಡಿದ್ದೇನೆ. ನನ್ನ ತಿಳಿವಳಿಕೆಯ ಪ್ರಕಾರ ನಿಮ್ಮ ಮೊದಲ ಪ್ರಶ್ನೆಗೆ ಉತ್ತರ "ಅಲ್ಲ" ಎಂದೇ. ಸಲಿಂಗ ವಿವಾಹ ಈಗಿನ ಜಗಳದ ವಿಷಯ ಮಾತ್ರ. ಜಗಳದ ಬೇರು ಇರುವುದು ಅಂತಿಮ ತೀರ್ಪು ಕೊಡುವವರು ಯಾರು ಎಂಬ ಪ್ರಶ್ನೆಯಲ್ಲಿ.

ರೋಮನ್ ಕಥೋಲಿಕರಿಗೆ ಪೋಪ್ ಇದ್ದಾರೆ. 1534ರಲ್ಲಿ ಎಂಟನೆಯ ಹೆನ್ರಿ ಇಂಗ್ಲೆಂಡಿನ ಚರ್ಚನ್ನು ಪೋಪರ ಅಧಿಕಾರದಿಂದ ಬಿಡಿಸಿ ತಾನೇ ಅದರ ಮುಖ್ಯಸ್ಥನೆಂದು ಸಾರಿದ ಮೇಲೆ ಆಂಗ್ಲಿಕನ್ನರಿಗೆ ಅಂಥವರು ಇಲ್ಲದಾದರು. ಇಂಗ್ಲೆಂಡಿನೊಳಗೆ ಆ ಜಾಗವನ್ನು ರಾಜ ಮತ್ತು ಪಾರ್ಲಿಮೆಂಟು ತುಂಬಿದವು. ಆದರೆ ಸಾಮ್ರಾಜ್ಯದ ಬೆನ್ನಿಗೆ ಹೊರಟ ಚರ್ಚು ಆಫ್ರಿಕಾ, ಏಷ್ಯಾ, ಅಮೆರಿಕಗಳಲ್ಲಿ ನೆಲೆಯೂರಿ ಸ್ವತಂತ್ರ ಪ್ರಾಂತಗಳಾದಾಗ, ಇಂಗ್ಲೆಂಡಿನ ರಾಜನ ಮಾತು ಅಲ್ಲಿ ನಡೆಯುವಂತಿರಲಿಲ್ಲ. ಇಂದು ಇಂಥ 42 ಸ್ವಾಯತ್ತ ಪ್ರಾಂತಗಳಿವೆ. ಸುಮಾರು ಎಂಟೂವರೆ ಕೋಟಿ ಸದಸ್ಯರಿದ್ದಾರೆ ಎಂಬುದು ಅವರದೇ ಲೆಕ್ಕ. ಕ್ಯಾಂಟರ್‌ಬರಿಯ ಆರ್ಚ್‌ಬಿಷಪ್ಪರು ಇವರೆಲ್ಲರ ನಡುವೆ ಹಿರಿಯಣ್ಣನಿದ್ದಂತೆ: ಮರ್ಯಾದೆ ಉಂಟು, ಮಾತು ನಡೆಸುವ ಅಧಿಕಾರವಿಲ್ಲ.

ಈ ತೊಡಕು ಹೊಸದಲ್ಲ. ದಕ್ಷಿಣ ಆಫ್ರಿಕದ ನಟಾಲಿನ ಬಿಷಪ್ ಕೊಲೆನ್ಸೊ ಸತ್ಯವೇದದ (ಬೈಬಲ್ಲಿನ) ಮೊದಲ ಐದು ಪುಸ್ತಕಗಳ ಚಾರಿತ್ರಿಕತೆಯನ್ನು ಪ್ರಶ್ನಿಸಿದರು. ಬಹುಪತ್ನಿಯರುಳ್ಳ ಝುಲು ಗಂಡಸರು ಕ್ರೈಸ್ತರಾಗಲು ಹೆಂಡತಿಯರನ್ನು ಬಿಡಬೇಕಿಲ್ಲ ಎಂದೂ ವಾದಿಸಿದರು. 1863ರಲ್ಲಿ ಕೇಪ್‌ಟೌನಿನ ಬಿಷಪ್ಪರು ಅವರನ್ನು ಪದಚ್ಯುತಗೊಳಿಸಿದರೆ, 1865ರಲ್ಲಿ ಸಾಮ್ರಾಜ್ಯದ ಮೇಲ್ಮನವಿ ನ್ಯಾಯಪೀಠವಾಗಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲ್ ಆ ಕ್ರಮ ಸಿಂಧುವಲ್ಲವೆಂದಿತು. 1867ರಲ್ಲಿ ಮೊದಲ ಲ್ಯಾಂಬೆತ್ ಸಮ್ಮೇಳನ, ಅಂದರೆ ಎಲ್ಲ ದೇಶಗಳ ಆಂಗ್ಲಿಕನ್ ಬಿಷಪ್ಪರ ಕೂಟ, ಸೇರಿದ್ದಕ್ಕೆ ಈ ಗೊಂದಲವೂ ಒಂದು ಮುಖ್ಯ ಕಾರಣ. ಆದರೆ ಅದು ಶಾಸನ ಮಾಡುವ ಸಭೆಯಲ್ಲ, ಮಾತುಕತೆಯ ಸಭೆ ಮಾತ್ರ ಎಂಬ ಭರವಸೆ ಕೊಟ್ಟೇ ಕರೆಯಬೇಕಾಯಿತು. ಅಷ್ಟಾದರೂ ಯಾರ್ಕಿನ ಆರ್ಚ್‌ಬಿಷಪ್ಪರು ಬರಲಿಲ್ಲ. ಬಹುಪತ್ನಿತ್ವದ ವಿಷಯದಲ್ಲಿ 1888ರ ಲ್ಯಾಂಬೆತ್ ಅಂಥ ಗಂಡಸರಿಗೆ ದೀಕ್ಷಾಸ್ನಾನ ಕೊಡಕೂಡದೆಂದಿತು. ಆ ನಿಲುವು ಸಡಿಲವಾದದ್ದು ನೂರು ವರ್ಷದ ನಂತರ, 1988ರಲ್ಲಿ. ಇದನ್ನು ಹೇಳಲು ಕಾರಣವಿದೆ. "ವೇದವಾಕ್ಯಕ್ಕಾಗಿ ನಿಮ್ಮ ಮನೆತನದ ಪದ್ಧತಿಯನ್ನು ಬಿಡಿ" ಎಂದು ಆಫ್ರಿಕನ್ನರಿಗೆ ಹೇಳಿದ ಅದೇ ಪಶ್ಚಿಮದವರು ಈಗ "ಕಾಲಕ್ಕೆ ತಕ್ಕಂತೆ ವೇದವಾಕ್ಯವನ್ನು ಅರ್ಥೈಸಿಕೊಳ್ಳಬೇಕು" ಎನ್ನುವಾಗ, ನೈಜೀರಿಯಾದ ಅಥವಾ ಉಗಾಂಡದ ಬಿಷಪ್ಪರಿಗೆ ಅದು ಹೇಗೆ ಕೇಳಿಸುತ್ತದೆ ಎಂಬುದನ್ನು ನಾವು ಊಹಿಸಿಕೊಳ್ಳಬೇಕು. ಅವರ ತೀರ್ಮಾನವನ್ನು ನಾನು ಒಪ್ಪುವುದಿಲ್ಲ. ಅವರ ಸಿಟ್ಟು ನನಗೆ ಅರ್ಥವಾಗುತ್ತದೆ.

ಇನ್ನು ಈಚಿನ ಘಟನೆಗಳು. 1998ರ ಲ್ಯಾಂಬೆತ್ ಸಮ್ಮೇಳನ ಸಲಿಂಗ ಸಂಬಂಧ ಸತ್ಯವೇದಕ್ಕೆ ಹೊಂದುವುದಿಲ್ಲವೆಂಬ ನಿರ್ಣಯವನ್ನು 526–70 ಮತಗಳಿಂದ ಅಂಗೀಕರಿಸಿತು. ಐದೇ ವರ್ಷದಲ್ಲಿ ಅಮೆರಿಕದ ಆಂಗ್ಲಿಕನ್ ಪ್ರಾಂತವಾದ ಎಪಿಸ್ಕೋಪಲ್ ಚರ್ಚು, ಪುರುಷ ಸಂಗಾತಿಯೊಡನೆ ಬಹಿರಂಗವಾಗಿ ಬಾಳುತ್ತಿದ್ದ ಜೀನ್ ರಾಬಿನ್‌ಸನ್ ಅವರನ್ನು ನ್ಯೂ ಹ್ಯಾಂಪ್‌ಶೈರಿನ ಬಿಷಪ್ಪರನ್ನಾಗಿ ಅಭಿಷೇಕಿಸಿತು. ನಿರ್ಣಯ ಸಲಹೆಯಷ್ಟೇ ಆಗಿದ್ದುದರಿಂದ ಯಾವ ನಿಯಮವೂ ಮುರಿದಿರಲಿಲ್ಲ; ಮುರಿದದ್ದು ನಂಬಿಕೆ. 2007ರಲ್ಲಿ ದಾರ್ ಎಸ್ ಸಲಾಮಿನಲ್ಲಿ ಪ್ರಾಂತಗಳ ಮುಖ್ಯಸ್ಥರು ಸೇರಿದಾಗ ಕೆಲವರು ಅಮೆರಿಕದ ಮುಖ್ಯಸ್ಥೆಯೊಂದಿಗೆ ಪ್ರಭುಭೋಜನ (ರೊಟ್ಟಿ, ದ್ರಾಕ್ಷಾರಸ ಹಂಚಿಕೊಳ್ಳುವ ಸಂಸ್ಕಾರ) ಸ್ವೀಕರಿಸಲು ನಿರಾಕರಿಸಿದರು. ಒಂದೇ ಪಂಕ್ತಿಯಲ್ಲಿ ಕೂರಲು ಒಲ್ಲೆನೆಂದರೆ ಏನರ್ಥವೆಂದು ನಮ್ಮ ನಾಡಿನವರಿಗೆ ಬಿಡಿಸಿ ಹೇಳಬೇಕಾಗಿಲ್ಲ. 2008ರಲ್ಲಿ ಸಂಪ್ರದಾಯಸ್ಥರು ಜೆರುಸಲೇಮಿನಲ್ಲಿ ಗ್ಯಾಫ್‌ಕಾನ್ ಎಂಬ ಪ್ರತ್ಯೇಕ ಕೂಟವನ್ನೇ ಕಟ್ಟಿಕೊಂಡರು.

ಅಲ್ಲಿಯವರೆಗೆ ತಕರಾರು ಅಮೆರಿಕದ ಮೇಲಿತ್ತು. ಫೆಬ್ರವರಿ 2023ರಲ್ಲಿ ಇಂಗ್ಲೆಂಡಿನ ಚರ್ಚಿನ ಆಡಳಿತ ಮಹಾಸಭೆಯಾದ ಜನರಲ್ ಸಿನೋಡ್ ಸಲಿಂಗ ಜೋಡಿಗಳಿಗಾಗಿ ಆಶೀರ್ವಾದದ ಪ್ರಾರ್ಥನೆ ಮಾಡುವ ಪ್ರಸ್ತಾವವನ್ನು ಸ್ವಾಗತಿಸಿದಾಗ ಅದು ತಾಯಿಮನೆಗೇ ಬಂದಿತು. ಅದು ವಿವಾಹವಲ್ಲ, ಪ್ರಾರ್ಥನೆ ಮಾತ್ರ ಎಂಬ ವಿವರಣೆ ಯಾರನ್ನೂ ಸಮಾಧಾನಪಡಿಸಲಿಲ್ಲ: ಒಂದು ಪಕ್ಷಕ್ಕೆ ಅದು ಅತಿಯಾಯಿತು, ಇನ್ನೊಂದಕ್ಕೆ ಸಾಲದಾಯಿತು. ಅದೇ ತಿಂಗಳು ಆಫ್ರಿಕಾ, ಏಷ್ಯಾ ಮುಂತಾದ ಕಡೆಯ ಹಲವು ಪ್ರಾಂತಗಳ ಮುಖ್ಯಸ್ಥರು ಕ್ಯಾಂಟರ್‌ಬರಿಯವರನ್ನು ಇನ್ನು ತಮ್ಮ ಹಿರಿಯರೆಂದು ಒಪ್ಪುವುದಿಲ್ಲವೆಂದು ಸಾರಿದರು. ಅಕ್ಟೋಬರ್ 2025ರಲ್ಲಿ, ಹಿಂದೆ ಇಂಗ್ಲೆಂಡಿನ ನರ್ಸಿಂಗ್ ವಿಭಾಗದ ಅತ್ಯುನ್ನತ ಅಧಿಕಾರಿಯಾಗಿದ್ದ ಸಾರಾ ಮುಲ್ಲಾಲಿ ಅವರನ್ನು ಕ್ಯಾಂಟರ್‌ಬರಿಯ 106ನೆಯ ಆರ್ಚ್‌ಬಿಷಪ್ಪರಾಗಿ, ಆ ಪೀಠದ ಮೊದಲ ಮಹಿಳೆಯಾಗಿ ಹೆಸರಿಸಲಾಯಿತು. ಎರಡು ವಾರ ತುಂಬುವುದರೊಳಗೆ ಗ್ಯಾಫ್‌ಕಾನ್ ತಾನೇ ನಿಜವಾದ ಜಾಗತಿಕ ಆಂಗ್ಲಿಕನ್ ಒಕ್ಕೂಟವೆಂದು ಪ್ರಕಟಿಸಿತು. ಆಯ್ಕೆಯ ಆಯೋಗದ 17 ಮತದಾರರಲ್ಲಿ ಹೊರದೇಶಗಳ ಸಭೆಗಳಿಗೆ ಮೊದಲ ಸಲ ಐದು ಸ್ಥಾನ ಕೊಟ್ಟಿದ್ದರೂ ಕೊನೆಗೆ ಹೆಸರು ಬ್ರಿಟನ್ನಿನ ಪ್ರಧಾನಿಯ ಮೂಲಕ ರಾಜನಿಗೆ ಹೋಗುತ್ತದೆ. ಲಾಗೋಸಿನಲ್ಲೋ ಕಂಪಾಲದಲ್ಲೋ ಪ್ರಾರ್ಥಿಸುವವನಿಗೆ ಇದು ವಿಚಿತ್ರವೆನಿಸಿದರೆ ತಪ್ಪೇನು?

ಹೀಗಿದ್ದರೂ, ಇಂಗ್ಲೆಂಡಿನ ಚರ್ಚಿಗೆ ಅತ್ಯಂತ ಆಳದ ಗಾಯ ಮಾಡಿದ್ದು ಈ ವಿವಾದವಲ್ಲ ಎಂಬುದು ನನ್ನ ಅಭಿಪ್ರಾಯ. ಜಾನ್ ಸ್ಮಿತ್ ಎಂಬ ವಕೀಲ 1970ರ ದಶಕದ ಕೊನೆಯಲ್ಲಿ ಕ್ರೈಸ್ತ ಶಿಬಿರಗಳ ಮೂಲಕ ಪರಿಚಯವಾದ ಹುಡುಗರನ್ನು ಮನೆಯ ಹಿತ್ತಲಿನ ಶೆಡ್ಡಿಗೆ ಕರೆದೊಯ್ದು, ಪಾಪಕ್ಕೆ ಶಿಕ್ಷೆಯೆಂದು ಹೇಳಿ ರಕ್ತ ಬರುವಂತೆ ಬೆತ್ತದಿಂದ ಹೊಡೆಯುತ್ತಿದ್ದ. 1982ರಲ್ಲೇ ಅದರ ವರದಿಯೊಂದು ಸಿದ್ಧವಾಗಿ ಕೆಲವು ಪಾದ್ರಿಗಳ ಕೈ ಸೇರಿತ್ತು. ಪೊಲೀಸರಿಗೆ ಯಾರೂ ಹೇಳಲಿಲ್ಲ. ಆತ ಜಿಂಬಾಬ್ವೆಗೆ ಹೋಗಿ ಅಲ್ಲಿಯೂ ಅದನ್ನೇ ಮುಂದುವರಿಸಿದ. ಯಾವ ಶಿಕ್ಷೆಗೂ ಗುರಿಯಾಗದೆ 2018ರಲ್ಲಿ ಸತ್ತ. ನೂರಕ್ಕೂ ಹೆಚ್ಚು ಮಂದಿ ಅವನ ಕೈಯಲ್ಲಿ ನೊಂದರೆಂದು ನವೆಂಬರ್ 2024ರ ಮೇಕಿನ್ ವರದಿ ಹೇಳಿತು, ಮತ್ತು 2013ರಲ್ಲೇ ವಿಷಯ ತಿಳಿದಿದ್ದ ಆರ್ಚ್‌ಬಿಷಪ್ ಜಸ್ಟಿನ್ ವೆಲ್ಬಿ ಕೆಲವೇ ದಿನಗಳಲ್ಲಿ ರಾಜೀನಾಮೆ ಘೋಷಿಸಿದರು. ಹೆಸರು ಉಳಿಸಿಕೊಳ್ಳಲು ಮೌನವಾಗಿದ್ದವರಲ್ಲಿ ಉದಾರವಾದಿ, ಸಂಪ್ರದಾಯಸ್ಥ ಎಂಬ ಭೇದವಿರಲಿಲ್ಲ. ಆ ಶಿಬಿರಗಳು ಸಂಪ್ರದಾಯದ ಪಕ್ಷಕ್ಕೆ ಹತ್ತಿರದ ಇವಾಂಜೆಲಿಕಲ್ ಪಂಥದವರವು ಎಂಬುದನ್ನು ನೆನಪಿಡಬೇಕು. ಆರಾಧನೆಗೆ ಬರುವವರ ಸಂಖ್ಯೆ ಹಲವು ದಶಕಗಳಿಂದ ಇಳಿಯುತ್ತಿರುವುದು, ಸುಮಾರು 16,000 ಹಳೆಯ ಕಟ್ಟಡಗಳ ದುರಸ್ತಿಯ ಹೊರೆ ಇವೆಲ್ಲ ಬೇರೆ. ಅವು ಕಷ್ಟಗಳೇ, ಆದರೆ ಇಷ್ಟು ನಾಚಿಕೆಯವಲ್ಲ.

ಈಗ ನಿಮ್ಮ ಎರಡನೆಯ ಪ್ರಶ್ನೆ. ಸಿ.ಎಸ್.ಐ. ಎಂದರೆ ದಕ್ಷಿಣ ಭಾರತ ಸಭೆ. ಅದು ಆಂಗ್ಲಿಕನ್ ಒಕ್ಕೂಟದ ಸದಸ್ಯ, ಆದರೆ ಬರೀ ಆಂಗ್ಲಿಕನ್ ಅಲ್ಲ. 1947ರ ಸೆಪ್ಟೆಂಬರ್ 27ರಂದು ಮದ್ರಾಸಿನ ಸಂತ ಜಾರ್ಜ್ ಕೆಥೀಡ್ರಲಿನಲ್ಲಿ ಆಂಗ್ಲಿಕನ್, ಮೆಥಡಿಸ್ಟ್, ಪ್ರೆಸ್ಬಿಟೇರಿಯನ್, ಕಾಂಗ್ರಿಗೇಶನಲ್ ಸಭೆಗಳು ಒಂದಾಗಿ ಅದು ಹುಟ್ಟಿತು. ಮಂಗಳೂರಿನ ಬಾಸೆಲ್ ಮಿಶನ್, ಮೈಸೂರು ಸೀಮೆಯ ವೆಸ್ಲಿಯನ್ ಮಿಶನ್, ಬಳ್ಳಾರಿಯ ಲಂಡನ್ ಮಿಶನ್ ಮೂಲದ ಕನ್ನಡ ಕುಟುಂಬಗಳ ಹಿರಿಯರು ಆಂಗ್ಲಿಕನ್ನರಾಗಿರಲೇ ಇಲ್ಲ. ನಮ್ಮ ಚರ್ಚಿನಂಥ ದಂಡಿನ ಚರ್ಚುಗಳು ಆಗಿದ್ದವು. ಬಲಗೋಡೆಯಲ್ಲಿ ಇಂದಿಗೂ ಕಾಲರಾಕ್ಕೆ ಸತ್ತ ಬ್ರಿಟಿಷ್ ಸಿಪಾಯಿಗಳ ಅಮೃತಶಿಲೆಯ ಫಲಕವಿದೆ, ಅದರ ಕೆಳಗಿನ ಬೆಂಚಿನಲ್ಲಿ ಕೂರುವುದು ಕೋಲಾರದಿಂದ ಬಂದು ನೆಲೆಸಿದ ಮನೆಯವರು.

ಆ ಐಕ್ಯವೇ ಅಂದು ಇಂಗ್ಲೆಂಡಿನಲ್ಲಿ ದೊಡ್ಡ ವಿವಾದವಾಗಿತ್ತು. ಬಿಷಪ್ಪರ ಕೈಯಿಂದ ದೀಕ್ಷೆ ಪಡೆಯದ ಮೆಥಡಿಸ್ಟ್, ಪ್ರೆಸ್ಬಿಟೇರಿಯನ್ ಪಾದ್ರಿಗಳನ್ನು ಮರುದೀಕ್ಷೆಯಿಲ್ಲದೆ ಒಪ್ಪಿಕೊಳ್ಳುವುದು, ಮುಂದಿನ ದೀಕ್ಷೆಗಳೆಲ್ಲ ಬಿಷಪ್ಪರಿಂದಲೇ ಆಗುವುದು ಎಂಬುದು ಒಪ್ಪಂದ. ಸ್ಕಾಟ್ಲೆಂಡಿನ ಪ್ರೆಸ್ಬಿಟೇರಿಯನ್ ಪಾದ್ರಿ ಲೆಸ್ಲಿ ನ್ಯೂಬಿಗಿನ್ ಹೀಗೆಯೇ ಮದುರೈ-ರಾಮನಾಡಿನ ಬಿಷಪ್ಪರಾದರು. 1948ರ ಲ್ಯಾಂಬೆತ್ ಈ ದೀಕ್ಷೆಗಳ ವಿಷಯದಲ್ಲಿ ಒಮ್ಮತಕ್ಕೆ ಬರಲಿಲ್ಲ, ಮತ್ತು ಐಕ್ಯಕ್ಕೆ ಸೇರಿದ ನಮ್ಮವರು ದಶಕಗಳ ಕಾಲ ಆಂಗ್ಲಿಕನ್ ಒಕ್ಕೂಟದ ಹೊರಗೇ ಉಳಿದರು. ಇಂದು ಒಕ್ಕೂಟವನ್ನು ತೊರೆಯುತ್ತೇವೆನ್ನುವವರ ಬಗ್ಗೆ ಓದುವಾಗ ನನಗೆ ಇದು ನೆನಪಾಗುತ್ತದೆ. ನಾವು ಒಂದು ಕಾಲಕ್ಕೆ ಹೊರಗಿಡಲ್ಪಟ್ಟವರು, ಅದೂ ಬೇರೆಯವರೊಡನೆ ಒಂದಾದ ಕಾರಣಕ್ಕೆ.

ಹಾಗೆಂದು ನಮ್ಮ ಮನೆ ನೆಟ್ಟಗಿದೆ ಎಂದು ತಿಳಿಯಬೇಡಿ. ಸಿ.ಎಸ್.ಐ. ಸಿನೋಡಿನ ಮುಖ್ಯಸ್ಥ, ಅಂದರೆ ಮಾಡರೇಟರ್, ಚುನಾವಣೆಯ ವ್ಯಾಜ್ಯದಲ್ಲಿ 2024ರಲ್ಲಿ ಮದ್ರಾಸ್ ಹೈಕೋರ್ಟು ನಿವೃತ್ತ ನ್ಯಾಯಮೂರ್ತಿಗಳನ್ನು ಆಡಳಿತಾಧಿಕಾರಿಗಳನ್ನಾಗಿ ನೇಮಿಸಬೇಕಾಯಿತು. ಪಾಸ್ಟರೇಟ್ ಕಮಿಟಿಯಲ್ಲಿದ್ದಾಗ ಸಲಿಂಗ ವಿವಾಹದ ಮಾತನ್ನು ನಾನು ಒಮ್ಮೆಯೂ ಕೇಳಲಿಲ್ಲ. ಕೇಳಿದ್ದೆಲ್ಲ ಅಂಗಡಿ ಮಳಿಗೆಗಳ ಬಾಡಿಗೆ, ಸ್ಮಶಾನದ ಜಾಗ, ಮತದಾರರ ಪಟ್ಟಿ. ನಿಮ್ಮೂರಿನ ಚರ್ಚಿನ ಆರಾಧನೆಯಲ್ಲಿ ಲಂಡನ್ನಿನ ಅಥವಾ ಗ್ಯಾಫ್‌ಕಾನಿನ ಯಾವ ಪ್ರಕಟಣೆಯೂ ನಾಳೆಯೇ ಏನನ್ನೂ ಬದಲಿಸುವುದಿಲ್ಲ.

ಮಹಿಳೆಯರ ದೀಕ್ಷೆಯ ವಿಷಯದಲ್ಲಿ ಮಾತ್ರ ನಾವು ಇಂಗ್ಲೆಂಡಿಗಿಂತ ಮುಂದಿದ್ದೆವು. ಅಲ್ಲಿ ಮೊದಲ ಮಹಿಳಾ ಪಾದ್ರಿಗಳು ದೀಕ್ಷೆ ಪಡೆದದ್ದು 1994ರಲ್ಲಿ, ಮೊದಲ ಮಹಿಳಾ ಬಿಷಪ್ ಬಂದದ್ದು 2015ರಲ್ಲಿ. ಇಲ್ಲಿ 1970ರ ದಶಕದಲ್ಲೇ ದೀಕ್ಷೆ ಆರಂಭವಾಯಿತು. 2013ರಲ್ಲಿ ಪುಷ್ಪಲಲಿತಾ ಅವರು ಸಿ.ಎಸ್.ಐ.ಯ ಮೊದಲ ಮಹಿಳಾ ಬಿಷಪ್ಪರಾದರು. ಅವರ ಸಭಾಪ್ರಾಂತ ಆಂಧ್ರದ ನಂದ್ಯಾಲ. 1947ರಲ್ಲಿ "ಬೇರೆಯವರೊಡನೆ ಬೆರೆತರೆ ನಮ್ಮ ಆಂಗ್ಲಿಕನ್ ಪರಂಪರೆ ಕೆಡುತ್ತದೆ" ಎಂಬ ಭಯದಿಂದ ಐಕ್ಯಕ್ಕೆ ಸೇರದೆ ಒಂದು ದೊಡ್ಡ ಗುಂಪು ಹೊರಗುಳಿದದ್ದೂ ಅದೇ ನಂದ್ಯಾಲದಲ್ಲಿ.