ಯಾಣದ ಸೀಳಿನಲ್ಲಿ ಸದ್ದು ಸುತ್ತಾಡುವುದೇಕೆ?

ಪ್ರಶ್ನೆ: ಶಾಲೆಯ ಮಕ್ಕಳನ್ನು ಯಾಣಕ್ಕೆ ಕರೆದೊಯ್ದಿದ್ದೆ. ಭೈರವೇಶ್ವರ ಶಿಖರದ ಸೀಳಿನೊಳಗೆ ಒಬ್ಬ ಹುಡುಗ ಚಪ್ಪಾಳೆ ತಟ್ಟಿದ. ಸದ್ದು ಸ್ವಲ್ಪ ಹೊತ್ತು ಅಲ್ಲೇ ಸುತ್ತಾಡಿತು. "ಟೀಚರ್, ಹಿಂದಿನವರು ಇದಕ್ಕೇ ಈ ಜಾಗ ಆರಿಸ್ಕೊಂಡ್ರಾ?" ಎಂದು ಕೇಳಿದ. ಅಳಿದುಹೋದ ಕಾಲದ ಸದ್ದನ್ನು ವಿಜ್ಞಾನ ಹುಡುಕಬಲ್ಲದೇ?
– ಶಿಕ್ಷಕಿ, ಕುಮಟಾ

ಉತ್ತರ: ಹುಡುಗ ಕೇಳಿದ್ದು ಎರಡು ಪ್ರಶ್ನೆ. ಸದ್ದು ಏಕೆ ಸುತ್ತಾಡಿತು ಎನ್ನುವುದು ಸುಲಭ. ಗಾಳಿಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ಸಾಗುತ್ತದೆ. ಎದುರಿನ ಗೋಡೆ 17 ಮೀಟರ್ ದೂರವಿದ್ದರೆ ಹೋಗಿ ಬರಲು ಸೆಕೆಂಡಿನ ಹತ್ತನೇ ಒಂದು ಭಾಗ ಬೇಕು, ಆಗ ಪ್ರತಿಧ್ವನಿ ಬೇರೆಯಾಗಿ ಕೇಳುತ್ತದೆ. ಇಕ್ಕಟ್ಟಾದ ಸೀಳಿನಲ್ಲಿ ಗೋಡೆಗಳು ತೀರಾ ಹತ್ತಿರ. ಅಲ್ಲಿಂದಿಲ್ಲಿಗೆ ಬಡಿದು ಬರುವ ಸದ್ದುಗಳು ಒಂದರ ಬೆನ್ನಿಗೊಂದು ಸೇರಿ ಒಂದೇ ಗುಂಗಾಗುತ್ತವೆ.

ಎರಡನೆಯದು ಕಷ್ಟದ್ದು. ಜಾಗ ಗುಂಯ್‌ಗುಡುತ್ತದೆ ಎಂದು ಅಳೆದು ತೋರಿಸಬಹುದು, ಅದಕ್ಕಾಗಿಯೇ ಜನ ಬಂದರು ಎಂದು ಅಳತೆ ಹೇಳುವುದಿಲ್ಲ. ಮೆಕ್ಸಿಕೋದ ಚಿಚೆನ್ ಇಟ್ಜಾದ ಪಿರಮಿಡ್ ಮುಂದೆ ಚಪ್ಪಾಳೆ ತಟ್ಟಿದರೆ ಮೆಟ್ಟಿಲುಗಳಿಂದ ಹಕ್ಕಿಯ ಚಿಲಿಪಿಲಿಯಂಥ ಸದ್ದು ಮರಳುತ್ತದೆ. ಅಲ್ಲಿನ ಪ್ರಾಚೀನ ಮಾಯಾ ಜನಾಂಗದವರು ಬೇಕೆಂದೇ ಹಾಗೆ ಕಟ್ಟಿದರೇ ಎಂಬ ವಾದ ಇನ್ನೂ ಮುಗಿದಿಲ್ಲ. ಮನುಷ್ಯನ ಕೈಯಾಡಿದ ಗುರುತು ಸಿಕ್ಕರೆ ಮಾತ್ರ ಬೇಕೆಂದೇ ಮಾಡಿದರು ಎನ್ನಲು ನನಗೆ ಧೈರ್ಯ.

ಅಂಥ ಗುರುತಿಗೆ ನಮ್ಮ ಕರಾವಳಿಯವರಿಗೆ ತಕ್ಷಣ ಅರ್ಥವಾಗುವ ಉದಾಹರಣೆಯಿದೆ. ದಕ್ಷಿಣ ಫ್ರಾನ್ಸಿನ ಮಾರ್ಸುಲಾಸ್ ಗುಹೆಯಲ್ಲಿ 1931ರಲ್ಲಿ ದೊಡ್ಡದೊಂದು ಶಂಖ ಸಿಕ್ಕಿತು. ಕುಡಿಯುವ ಪಾತ್ರೆ ಇರಬೇಕು ಎಂದುಕೊಂಡು ದಶಕಗಳ ಕಾಲ ಮ್ಯೂಸಿಯಂನಲ್ಲಿ ಇಟ್ಟಿದ್ದರು. ನಮ್ಮಲ್ಲಿ ಅಭಿಷೇಕದ ಶಂಖಕ್ಕೂ ಊದುವ ಶಂಖಕ್ಕೂ ಏನು ವ್ಯತ್ಯಾಸ? ಊದುವುದಕ್ಕೆ ತುದಿ ತೆಗೆದಿರುತ್ತದೆ. ಆ ಶಂಖದ್ದೂ ಹಾಗೆಯೇ: ಚಿಪ್ಪಿನ ಅತಿ ಗಟ್ಟಿ ಭಾಗವಾದ ತುದಿ ಮುರಿದಿತ್ತು, ತಾನಾಗಿ ಮುರಿಯುವ ಜಾಗವೇ ಅಲ್ಲ. ಒಳಗೆ ಕೆಂಪು ಬಣ್ಣದ ಚುಕ್ಕೆಗಳಿದ್ದವು, ಗುಹೆಯ ಗೋಡೆಯ ಕಾಡೆಮ್ಮೆ ಚಿತ್ರದಲ್ಲಿ ಇರುವಂಥವೇ. ಸಂಶೋಧಕರು ವಾದ್ಯಗಾರರೊಬ್ಬರಿಂದ ಅದನ್ನು ಊದಿಸಿ, 2021ರಲ್ಲಿ ಫಲಿತಾಂಶ ಪ್ರಕಟಿಸಿದರು. ಸುಮಾರು 18,000 ವರ್ಷ ಹಳೆಯ ಆ ಶಂಖ ಮೂರು ಸ್ವರ ನುಡಿಯಿತು. ಆ ಧ್ವನಿಮುದ್ರಣ ಕೇಳಿದಾಗ ನನಗೆ ಮೈ ಜುಮ್ಮೆಂದಿತ್ತು. ಅಂದಿನ ಗುಹೆಯ ಜನ ಯಾವ ರಾಗ ಊದಿದರೋ ತಿಳಿಯದು. ಆದರೆ ಆ ನಾದ ಅವರ ಕಿವಿಗೂ ಬಿದ್ದದ್ದೇ.

ಕರ್ನಾಟಕದಲ್ಲೇ ಬೇಕೆಂದರೆ ಬಳ್ಳಾರಿ ಬಳಿಯ ಕಪ್ಪಗಲ್ಲು ಗುಡ್ಡಕ್ಕೆ ಹೋಗಿ. ಅಲ್ಲಿನ ಡಾಲರೈಟ್ ಎಂಬ ಗಟ್ಟಿ ಕಪ್ಪು ಶಿಲೆಯ ಬಂಡೆಗಳಲ್ಲಿ ಕೆಲವನ್ನು ಕಲ್ಲಿನಿಂದ ತಟ್ಟಿದರೆ ಗಂಟೆಯಂತೆ ಕಣಕಣ ಎನ್ನುತ್ತವೆ. ಅವುಗಳಲ್ಲಿ ಮತ್ತೆ ಮತ್ತೆ ಬಡಿದು ಸವೆದ ಬಟ್ಟಲಿನಂಥ ಗುಳಿಗಳಿವೆ, ಸುತ್ತ ನವಶಿಲಾಯುಗದ ರೇಖಾಚಿತ್ರಗಳಿವೆ. ನಾದವೂ ಇದೆ, ಸವೆತವೂ ಇದೆ. ಹಾಗಾಗಿ ಇವು ಕಲ್ಲಿನ ಜಾಗಟೆಗಳು ಎನ್ನುವುದನ್ನು ನಾನು ಒಪ್ಪುತ್ತೇನೆ. ಕಲ್ಲುಗಣಿಗಾರಿಕೆಯಿಂದ ಆ ಗುಡ್ಡಕ್ಕೆ ಆಗಿರುವ ಹಾನಿ ನೋಡಿದರೆ ಸಂಕಟವಾಗುತ್ತದೆ. ಒಡೆದ ಬಂಡೆಯ ನಾದವನ್ನು ಯಾವ ಕಂಪ್ಯೂಟರಿನಿಂದಲೂ ಪೂರ್ತಿ ಮರಳಿ ತರಲಾಗದು.

ಯಾಣದ ಸೀಳಿಗೆ ಸಂಬಂಧಿಸಿ ಅಂಥ ಗುರುತು ನನ್ನ ಗಮನಕ್ಕೆ ಬಂದಿಲ್ಲ. ಹುಡುಗನಿಗೆ "ಇರಬಹುದು, ಸಾಕ್ಷಿ ಬೇಕು" ಎನ್ನಿ. ಅಳೆಯುವುದನ್ನಂತೂ ಕಲಿಸಬಹುದು. ಶಾಲೆಯ ಸಭಾಂಗಣ ಖಾಲಿಯಿದ್ದಾಗ ಬಲೂನು ಒಡೆದು ಮೊಬೈಲಿನಲ್ಲಿ ರೆಕಾರ್ಡ್ ಮಾಡಿ, ಸದ್ದು ಅಡಗಲು ಎಷ್ಟು ಹೊತ್ತಾಯಿತೆಂದು ಸದ್ದಿನ ಏರಿಳಿತ ತೋರಿಸುವ ತರಂಗಚಿತ್ರದಲ್ಲಿ ನೋಡಿ. ಪರದೆ ಇಳಿಸಿ, ಮಕ್ಕಳನ್ನು ಕೂರಿಸಿ ಮತ್ತೊಮ್ಮೆ ಮಾಡಿ. ಬಟ್ಟೆ, ಮೈ ಎಲ್ಲವೂ ಶಬ್ದವನ್ನು ಹೀರುವುದು ಕಣ್ಣಿಗೇ ಕಾಣುತ್ತದೆ.

ಯಾಣದಲ್ಲಿ ಮಾತ್ರ ದಯವಿಟ್ಟು ಬಲೂನು ಬೇಡ. ಆ ಬಂಡೆಗಳ ತುಂಬ ಹೆಜ್ಜೇನು ಕಟ್ಟಿರುತ್ತದೆ.