ಸರ್ಕಸ್ ಮಾಲೀಕನಿಗೆ ನಿಜವಾದ ಕೆಲಸ ಶೋ ಇಲ್ಲದ ದಿನ

ಸಿಂಧನೂರಿನ ಒಬ್ಬರು ಕೇಳಿದ್ದಾರೆ: "ಜೆಮಿನಿ ಸರ್ಕಸ್ ಕಟ್ಟಿದ ಜೆಮಿನಿ ಶಂಕರನ್ ಬಗ್ಗೆ ಓದಿದೆ. ಈಗಲೂ ಸರ್ಕಸ್ ಕಂಪನಿ ಕಟ್ಟಿ ಬದುಕಬಹುದಾ? ಮಾಲೀಕ ದಿನಾ ಏನು ಮಾಡ್ತಾನೆ?"

ನಾನು ಗಂಗಾವತಿಯವನು. ಪೆಂಡಾಲ್, ಜನರೇಟರ್ ಬಾಡಿಗೆಗೆ ಕೊಡುವ ವ್ಯವಹಾರ ನಮ್ಮದು. ಸರ್ಕಸ್ಸೋ ನಾಟಕ ಕಂಪನಿಯೋ ಈ ಕಡೆ ಕ್ಯಾಂಪ್ ಹಾಕಿದರೆ ಜಾಗ ನೋಡೋದರಿಂದ ಹಿಡಿದು ಪರ್ಮಿಶನ್ ಓಡಾಟದ ತನಕ ಅವರ ಜೊತೆ ಇರುತ್ತೇನೆ.

ರಿಂಗ್ ಒಳಗಿನ ಕೆಲಸ ನೋಡಿಕೊಳ್ಳಲು ಬೇರೆಯವರು ಇರುತ್ತಾರೆ. ಮಾಲೀಕನ ಪರೀಕ್ಷೆ ಶುರುವಾಗುವುದು ಕ್ಯಾಂಪ್ ಮುಗಿದ ರಾತ್ರಿ. ಡೇರೆ ಬಿಚ್ಚಿ, ಲಾರಿಗೆ ಹೇರಿ, ಇನ್ನೊಂದು ಊರಲ್ಲಿ ಕಂಬ ನಿಲ್ಲಿಸುವ ತನಕ ಒಂದು ರೂಪಾಯಿ ಕಲೆಕ್ಷನ್ ಇಲ್ಲ. ಆದರೆ ಒಲೆ ಆರಿಸುವ ಹಾಗಿಲ್ಲ. ಕಲಾವಿದರು, ಡೇರೆ ಕಟ್ಟುವವರು, ಡ್ರೈವರುಗಳು, ಅವರ ಹೆಂಡತಿ ಮಕ್ಕಳು, ಎಲ್ಲರ ಊಟ ನಡೆಯಬೇಕು. ಮಳೆ ಹಿಡಿದರೂ ಅಷ್ಟೇ. ಅಂಥ ದಿನಗಳಿಗೆ ದುಡ್ಡು ತೆಗೆದಿಟ್ಟವನು ಉಳಿಯುತ್ತಾನೆ.

ಶಂಕರನ್ ಅವರನ್ನೇ ನೋಡಿ. ಕೇರಳದ ತಲಶ್ಶೇರಿ ಹತ್ತಿರದವರು, 1924ರಲ್ಲಿ ಹುಟ್ಟಿದವರು. ಮೊದಲು ಸೈನ್ಯದಲ್ಲಿದ್ದರು, ಆಮೇಲೆ ಸರ್ಕಸ್‌ನಲ್ಲಿ ಬಾರ್, ಅಂದರೆ ಅಡ್ಡ ಕಂಬಿ ಮೇಲೆ ಕಸರತ್ತು ಮಾಡುವ ಕಲಾವಿದ. 1951ರಲ್ಲಿ ನಷ್ಟದಲ್ಲಿದ್ದ ವಿಜಯ ಸರ್ಕಸ್ಸನ್ನು ಪಾಲುದಾರರೊಬ್ಬರ ಜೊತೆ ಸೇರಿ 6,000 ರೂಪಾಯಿಗೆ ಕೊಂಡರು. ಅದೇ ವರ್ಷ ಆಗಸ್ಟ್ 15ಕ್ಕೆ ಗುಜರಾತಿನ ಬಿಲಿಮೋರಾದಲ್ಲಿ ಜೆಮಿನಿ ಹೆಸರಿನಲ್ಲಿ ಮೊದಲ ಶೋ. ಆಮೇಲೆ ಜಂಬೋ ಸರ್ಕಸ್ಸೂ ಅವರದಾಯಿತು. 2023ರ ಏಪ್ರಿಲ್‌ನಲ್ಲಿ ತೀರಿಕೊಂಡರು. ತಾನೇ ಬಾರ್‌ಗೆ ಜೋತುಬಿದ್ದವನಿಗೆ ಆ ಕೆಲಸದ ಅಪಾಯವೂ ಗೊತ್ತು, ಕಲಾವಿದನ ಕಷ್ಟವೂ ಗೊತ್ತು. ಬರೀ ಬಂಡವಾಳ ತಂದು ಕೂತವನಿಗೆ ಅದು ಬರಲ್ಲ ಅನ್ನೋದು ನನ್ನ ಗಟ್ಟಿ ಅಭಿಪ್ರಾಯ.

ಆದರೆ ಅವರು ಕಟ್ಟಿದ ಕಾಲ ಬೇರೆ. ಹುಲಿ, ಸಿಂಹ, ಚಿರತೆ, ಕರಡಿ, ಕೋತಿಗಳನ್ನು ಆಡಿಸುವ ಹಾಗಿಲ್ಲ ಅಂತ ಕೇಂದ್ರ ಸರ್ಕಾರ 1998ರಲ್ಲಿ ಅಧಿಸೂಚನೆ ಹೊರಡಿಸಿತು. 2001ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಮಕ್ಕಳನ್ನು ಸರ್ಕಸ್ ಕೆಲಸಕ್ಕೆ ಇಟ್ಟುಕೊಳ್ಳುವುದನ್ನು ನಿಲ್ಲಿಸಬೇಕು ಅಂತ 2011ರಲ್ಲಿ ಅದೇ ಕೋರ್ಟ್ ಹೇಳಿತು. ಪ್ರಾಣಿ ಹೋದ ಮೇಲೆ ಜನ ಕಡಿಮೆಯಾದರು, ನಿಜ. ಆದರೂ ಎರಡೂ ಆದೇಶ ಸರಿ. ಏಳೆಂಟು ವರ್ಷದ ಮಗು ಕಂಬದ ತುದಿಯಲ್ಲಿ ನಿಂತು ನಮಗೆ ಮನರಂಜನೆ ಕೊಡಬೇಕಾ?

ಈಗ ನಮ್ಮ ಕಡೆಯ ಲೆಕ್ಕ. ತುಂಗಭದ್ರಾ ಕಾಲುವೆ ಊರುಗಳಲ್ಲಿ ಭತ್ತ ಮಾರಿದ ಮೇಲೆ ಜನರ ಕೈಯಲ್ಲಿ ದುಡ್ಡು ಓಡಾಡುತ್ತದೆ. ನಾಟಿ ಟೈಮಲ್ಲಿ ಕ್ಯಾಂಪ್ ಹಾಕಿದರೆ ಕುರ್ಚಿ ಖಾಲಿ. ಜನವರಿಯಲ್ಲಿ ಕೊಪ್ಪಳದ ಗವಿಮಠದ ಜಾತ್ರೆ ಬರುತ್ತದೆ, ಆ ಜನಸಾಗರ ಯಾವ ಪೋಸ್ಟರಿನಿಂದಲೂ ಬರಲ್ಲ. ರಾಯಚೂರಿನ ಬೇಸಿಗೆಯಲ್ಲಿ ಮಧ್ಯಾಹ್ನದ ಶೋ ಸುಮ್ನೆ ಡೀಸೆಲ್ ಖರ್ಚು. ಮಣ್ಣಂತೂ ಎಲ್ಲಕ್ಕಿಂತ ಮುಖ್ಯ. ಎರಿ ಹೊಲದಲ್ಲಿ, ಅಂದರೆ ಕಪ್ಪು ಮಣ್ಣಿನ ನೆಲದಲ್ಲಿ, ಡೇರೆ ಹೊಡೆದು ಒಂದು ಅಡ್ಡ ಮಳೆ ಬಂತೋ, ಗೂಟ ಸಡಿಲ, ಲಾರಿ ಹೂತುಹೋಗುತ್ತದೆ. ಬಾಡಿಗೆ ಜಾಸ್ತಿಯಾದರೂ ಮೊರಂ, ಅಂದರೆ ಗಟ್ಟಿ ಜಲ್ಲಿ ಮಣ್ಣಿನ ನೆಲ ಹಿಡಿಯಿರಿ.

ಬೆಂಕಿಯ ವಿಷಯದಲ್ಲಿ ಮಾತ್ರ ನಾನು ಯಾರಿಗೂ ಸಡಿಲ ಬಿಡಲ್ಲ. 1981ರ ಫೆಬ್ರುವರಿಯಲ್ಲಿ ಬೆಂಗಳೂರಿನಲ್ಲಿ ವೀನಸ್ ಸರ್ಕಸ್ ಡೇರೆಗೆ ಬೆಂಕಿ ಬಿದ್ದು 90ಕ್ಕೂ ಹೆಚ್ಚು ಜನ ಸತ್ತರು. ಜಾಸ್ತಿ ಜನ ಮಕ್ಕಳು. ಅಗ್ನಿಶಾಮಕದ ಎನ್‌ಒಸಿ, ಪೊಲೀಸ್ ಪರವಾನಗಿ, ವಿದ್ಯುತ್ ತಪಾಸಣೆ, ಇವು ಬರೀ ಕಾಗದ ಅಲ್ಲ. ಹೊರಗೆ ಹೋಗುವ ದಾರಿಗೆ ಅಡ್ಡಲಾಗಿ ನಾಲ್ಕು ಕುರ್ಚಿ ಜಾಸ್ತಿ ಹಾಕಿ ಅನ್ನುವ ಮಾಲೀಕನ ಕೆಲಸ ನಾನು ಒಪ್ಪಿಕೊಳ್ಳುವುದೇ ಇಲ್ಲ.

ತೆರಿಗೆ ಬಗ್ಗೆ ಜಾಸ್ತಿ ಹೆದರಬೇಡಿ. ಸರ್ಕಸ್, ನಾಟಕಕ್ಕೆ ತಲೆಗೆ 500 ರೂಪಾಯಿ ತನಕದ ಟಿಕೆಟ್‌ಗೆ ಜಿಎಸ್‌ಟಿ ವಿನಾಯಿತಿ ಇದೆ.

ಬದುಕಬಹುದಾ ಅಂದರೆ, ಸಾಲ ಮಾಡಿ ಡೇರೆ ಕೊಳ್ಳುವುದಾದರೆ ಬೇಡ ಅಂತಲೇ ಹೇಳುತ್ತೇನೆ. ಮೊದಲು ಒಂದು ಕಂಪನಿಯಲ್ಲಿ ಮುಂಚಿತವಾಗಿ ಊರಿಗೆ ಹೋಗಿ ಜಾಗ, ಪರ್ಮಿಶನ್, ಪ್ರಚಾರ ನೋಡುವ ಮ್ಯಾನೇಜರ್ ಕೆಲಸಕ್ಕೆ ಸೇರಿ. ನಾಟಕ ಕಂಪನಿಯಾದರೂ ಪರವಾಗಿಲ್ಲ. ಗುಬ್ಬಿ ವೀರಣ್ಣನವರು ರಂಗದ ಮೇಲೆ ಆನೆ ಕುದುರೆ ತಂದವರು, ಅವರ ಕಂಪನಿಯೂ ಊರೂರು ತಿರುಗಿಯೇ ಬೆಳೆದದ್ದು. ಎರಡು ಕಡೆಯೂ ಕೆಲಸದ ರೀತಿ ಒಂದೇ. ಜಾತ್ರೆಯಲ್ಲಿ ಬೆಳಗ್ಗೆ ಹೊತ್ತು ಡೇರೆ ಹತ್ತಿರ ಹೋದರೆ ಮಾಲೀಕರು ಮಾತಿಗೆ ಸಿಗುತ್ತಾರೆ. ಶೋ ಟೈಮಲ್ಲಿ ಹೋಗಬೇಡಿ. ಸಂಬಳ ಎಷ್ಟು ಅಂತ ಕೇಳುವ ಮೊದಲು, ಹೋದ ಮಳೆಗಾಲದಲ್ಲಿ ಕಂಪನಿ ಎಲ್ಲಿತ್ತು, ಕಲಾವಿದರಿಗೆ ಆಗ ಸಂಬಳ ಕೊಟ್ಟಿದ್ದರಾ ಅಂತ ಅಡುಗೆಯವರನ್ನು ವಿಚಾರಿಸಿ.